ದೇವರನ್ನು ಬೈದ ಹಾಡು

ಯುದ್ಧ ಮುಗಿದ ವರ್ಷ. ಕುಂಬಳೆ ಸ್ಟೇಷನ್ನಿನಲ್ಲಿ ಮಂಗಳೂರಿನ ರೈಲಿಗೆ ಕಾಯುತ್ತಿದ್ದ ಪಂಕಜಾಕ್ಷಿಯ ಬೆಂಚಿನಲ್ಲೇ ಅಣ್ಣ ತಂಗಿ ಇಬ್ಬರು ಬಂದು ಕೂತರು. ಅಣ್ಣ ದೇವಸ್ಥಾನದ ಭಟ್ಟರು. ತಂಗಿ ಬರೆದ ದೇವರ ಹಾಡುಗಳನ್ನು ಅಚ್ಚಿಗೆ ಕೊಡಲು ಹೊರಟವರೆಂದು ಮಾತಿನಿಂದಲೇ ತಿಳಿಯಿತು. ಕೈಬರಹದ ಪುಸ್ತಕ ಮಗುಚುತ್ತಿದ್ದ ತಂಗಿಯ ಕೈ ಒಂದು ಪುಟದಲ್ಲಿ ನಿಂತಿತು.

“ಅಣ್ಣ, ಈ ಹಾಡಿಗೆ ಶಾಯಿ ಬಳಿದದ್ದು ಯಾರು?”

“ನಾನೇ. ದೇವರನ್ನು ಕಟುಕ ಅಂತ ಬರೆದಿದ್ದೀಯಲ್ಲ ವಸುಮತಿ. ಭಜನೆ ಪುಸ್ತಕದಲ್ಲಿ ಅಂಥದ್ದು ಉಂಟಾ?”

“ನನ್ನ ಮಗು ಸಿಡುಬಿನಲ್ಲಿ ಹೋದ ದಿನ ಬರೆದದ್ದು ಅದು.”

“ಗೊತ್ತುಂಟು. ಓದಿದವರು ಎಂತ ಹೇಳಿಯಾರು? ಭಟ್ಟರ ತಂಗಿಗೆ ಭಕ್ತಿಯೇ ಇಲ್ಲ ಅಂತಾರೆ.”

“ಭಕ್ತಿ ಇಲ್ಲದಿದ್ದರೆ ಅವನ ಹತ್ತಿರ ಯಾಕೆ ಜಗಳ ಮಾಡುತ್ತಿದ್ದೆ? ಅವನೇ ಇಲ್ಲ ಅಂತ ಸುಮ್ಮನಿರುತ್ತಿದ್ದೆ.”

“ಹೊಗಳಿದ ಹಾಡು ನಲವತ್ತು ಉಂಟಲ್ಲ, ಸಾಲದಾ?”

“ಬೈದದ್ದನ್ನು ತೆಗೆದರೆ ಹೊಗಳಿದ್ದೆಲ್ಲ ಸುಳ್ಳಾಗುತ್ತದೆ.”

ರೈಲು ಬಂತು. ಭಟ್ಟರು ಎದ್ದು ಪುಸ್ತಕಕ್ಕೆ ಕೈಚಾಚಿದರು. ವಸುಮತಿ ಕೊಡಲಿಲ್ಲ.

“ನೀನು ಮನೆಗೆ ಹೋಗು. ಆ ಹಾಡು ನನಗೆ ಬಾಯಿಪಾಠ ಉಂಟು. ಅಚ್ಚಿನವರ ಎದುರು ಕೂತು ನಾನೇ ಹೇಳಿ ಬರೆಸುತ್ತೇನೆ.”

ಪಂಕಜಾಕ್ಷಿಯ ಹಿಂದೆಯೇ ವಸುಮತಿ ಹೆಂಗಸರ ಡಬ್ಬಿ ಹತ್ತಿದಳು. ಭಟ್ಟರು ಚಾಚಿದ ಕೈಯನ್ನು ಶಾಲಿನೊಳಗೆ ಎಳೆದುಕೊಂಡು ಅಲ್ಲೇ ನಿಂತರು.