ಉತ್ತರಕ್ಕೆ ನಿಲ್ಲದ ವಕೀಲ

ಹೊಳೆಯ ದಂಡೆಗೆ ಒಂದು ತಾಲ್ಲೂಕು ಊರು. ಆ ಊರಿನ ಕೋರ್ಟಿನಲ್ಲಿ ಒಬ್ಬ ವಕೀಲನಿದ್ದ, ಶಾಂತವೀರ ಕಡೇಮನಿ ಎಂದು ಹೆಸರು. ಆಸ್ತಿಯಿಂದ ದೊಡ್ಡವನಾದವನಲ್ಲ ಅವನು, ಮಾತಿನಿಂದ ದೊಡ್ಡವನಾದವನು. ಪಾಟೀಸವಾಲಿಗೆ ಅವನು ಎದ್ದು ನಿಂತರೆ ಸಾಕ್ಷಿಕಟ್ಟೆಯಲ್ಲಿದ್ದವನ ಅಂಗೈ ಬೆವರುತ್ತಿತ್ತು. ಆದರೆ ನೋಡಿ, ಕೋರ್ಟಿಗೆ ಒಂದು ಕಟ್ಟುಪಾಡಿದೆ. ಇವನು ಮಾತನ್ನು ತಿರುಚಿದರೆ ಎದುರಿನ ವಕೀಲ ಏಳುತ್ತಿದ್ದ. “ಸಾಕ್ಷಿ ಉತ್ತರ ಪೂರ್ತಿ ಹೇಳ್ಲಿ, ಕಡೇಮನಿಯವರ, ನೀವು ಕುಂದರ್ರಿ” ಎಂದು ನ್ಯಾಯಾಧೀಶರು ಹೇಳುತ್ತಿದ್ದರು. ಇಪ್ಪತ್ತು ವರ್ಷ ಹಾಗೆ ಕುಳಿತ. ಕುಳಿತೂ ಕುಳಿತೂ ಅವನಿಗೆ ಸಾಕಾಯಿತು.

ಅಷ್ಟರಲ್ಲಿ ಊರಿನಲ್ಲಿ ಹೊಸದೊಂದು ರೇಡಿಯೋ ಶುರುವಾಯಿತು, ಮೊಬೈಲಿನಲ್ಲಿ ಕೇಳುವಂಥದು. ಬೆಳಿಗ್ಗೆ ಎಂಟರಿಂದ ಒಂಬತ್ತರವರೆಗೆ ರಾಜಕೀಯದ ಮಾತು. ಅದಕ್ಕೆ ಕಡೇಮನಿಯನ್ನು ಕರೆದರು. ಜನ ಫೋನ್ ಮಾಡಬೇಕು, ಕಡೇಮನಿ ಮಾತಾಡಬೇಕು. ಗಾಜಿನ ಕೋಣೆ, ಒಂದು ಮೈಕು, ಬೇಡವಾದವರ ಫೋನ್ ಕಡಿಯಲು ಒಂದು ಗುಂಡಿ. ಅಲ್ಲಿ ಎದುರಿನ ವಕೀಲನಿಲ್ಲ. ಅಲ್ಲಿ ನ್ಯಾಯಾಧೀಶರಿಲ್ಲ. ಕುಂದರ್ರಿ ಎನ್ನುವವರು ಯಾರೂ ಇಲ್ಲ! ಅವನು ಕರಿಕೋಟು ಕಳಚಿ ಗೂಟಕ್ಕೆ ಹಾಕಿದ.

ಬುದ್ಧಿವಂತ ನೋಡಿ. ಯಾರ ಮೇಲೂ ನೇರವಾಗಿ ಆರೋಪ ಮಾಡುತ್ತಿರಲಿಲ್ಲ. ಪ್ರಶ್ನೆ ಎಸೆಯುತ್ತಿದ್ದ, ಅಷ್ಟೇ. ಎಸೆದು, ಒಂದು ಉಸಿರಿನಷ್ಟು ಸುಮ್ಮನಿದ್ದು, ತಗ್ಗಿದ ದನಿಯಲ್ಲಿ ಹೇಳುತ್ತಿದ್ದ: “ನಾ ಏನೂ ಹೇಳಂಗಿಲ್ಲ. ಬರೀ ಕೇಳತೇನಿ.” ಆ ಮಾತಿಗೆ ಊರು ಮರುಳಾಯಿತು. ಮಂತ್ರಿಗಳ ಕಾರು ಅವನ ಮನೆಯ ಮುಂದೆ ನಿಲ್ಲತೊಡಗಿತು.

ಪುರಸಭೆ ಚುನಾವಣೆ ಬಂತು, ಊರಿಗೆಲ್ಲ ನೀರಿನದೇ ಮಾತು. ಹಳೇಪೇಟೆಗೆ ದಿನಬಿಟ್ಟು ದಿನ ನೀರು, ಹರಳಯ್ಯನ ಓಣಿಗೆ ಹನ್ನೆರಡು ದಿನಕ್ಕೊಮ್ಮೆ. ನೀರು ಬಿಡುವವನು ಯಮನೂರಪ್ಪ, ಕೈಯಲ್ಲಿ ಕಬ್ಬಿಣದ ಚಾವಿ ಹಿಡಿದು ಬೀದಿಬೀದಿಯ ವಾಲ್ವ್ ತಿರುಗಿಸುವ ಆಳು. ಒಂದು ಬೆಳಿಗ್ಗೆ ಕಡೇಮನಿ ಕೇಳಿದ: “ಆ ಚಾವಿ ಯಾರ ಕೈಯಾಗೈತಿ? ಆ ಕೈ ಯಾರ ಮನೀ ಉಂಡೈತಿ? ನಾ ಏನೂ ಹೇಳಂಗಿಲ್ಲ. ಬರೀ ಕೇಳತೇನಿ.”

ಮರುದಿನ ಒಬ್ಬ ಹೆಣ್ಣುಮಗಳು ಫೋನ್ ಮಾಡಿದಳು. “ಅಣ್ಣಾರ, ನಾನು ಯಮನೂರಪ್ಪನ ಹೇಂತಿ, ದುರಗವ್ವ. ನಮ್ಮ ಹರಳಯ್ಯನ ಓಣೀ ಪೈಪ್ ಒಡದೈತ್ರಿ. ಇವರು ಹನ್ನೊಂದು ಸಲ ಅರ್ಜಿ ಬರದು ಕೊಟ್ಟಾರ. ಒಂದ ಸಲ ಬಂದು...”

“ತಂಗೀ, ಗಂಡಗ ಹೇಂತೀನ ಸಾಕ್ಷಿ ಆದ್ರ ನಂಬೂದು ಹೆಂಗ? ನಾ ಏನೂ ಹೇಳಂಗಿಲ್ಲ...” ಎನ್ನುತ್ತ ಅವನು ಗುಂಡಿ ಒತ್ತಿದ. ಉತ್ತರ ಅರ್ಧಕ್ಕೆ ನಿಂತಿತು.

ಆಮೇಲೆ ಊರಿನಲ್ಲಿ ಏನಾಯಿತು? ಹೊಡೆದಾಟವಾಯಿತೇ? ಇಲ್ಲ. ಯಾರೂ ಯಮನೂರಪ್ಪನ ಮೈ ಮುಟ್ಟಲಿಲ್ಲ, ಯಾರೂ ಕೂಗಾಡಲಿಲ್ಲ. ಕೇಳಿದರು, ಅಷ್ಟೇ. ಕಿರಾಣಿ ಅಂಗಡಿಯವನು ಕೇಳಿದ. ಹೂ ಮಾರುವವಳು ಕೇಳಿದಳು. ಹಾದಿಯಲ್ಲಿ ಹೋಗುವವರು ಸೈಕಲ್ ನಿಲ್ಲಿಸಿ ಕೇಳಿದರು. ಅವನು ಬಾಯಿ ತೆರೆಯುವಷ್ಟರಲ್ಲಿ ಮುಂದೆ ಹೋದರು. ಎಲ್ಲರದೂ ಅದೇ ಪ್ರಶ್ನೆ, ಅದೇ ತಗ್ಗಿದ ದನಿ, ನಡುವೆ ಅದೇ ಒಂದು ಉಸಿರಿನ ಮೌನ.

ಇದು ಕಡೇಮನಿಗೆ ಮೊದಲು ಗೊತ್ತಾದದ್ದು ಕ್ಷೌರದ ಅಂಗಡಿಯಲ್ಲಿ. ಕುತ್ತಿಗೆಗೆ ಬಟ್ಟೆ ಕಟ್ಟಿಸಿಕೊಂಡು ಕಣ್ಣು ಮುಚ್ಚಿದ್ದ. “ಆ ಕೈ ಯಾರ ಮನೀ ಉಂಡೈತಿ?” ಎಂದು ತನ್ನದೇ ಸ್ವರ ಕೇಳಿತು. ರೇಡಿಯೋ ಹಚ್ಚಿದ್ದಾರೆಂದುಕೊಂಡ. ಕಣ್ಣು ತೆರೆದರೆ ರೇಡಿಯೋ ಇಲ್ಲ. ಕನ್ನಡಿಯಲ್ಲಿ ಕ್ಷೌರಿಕನ ತುಟಿ ಆಡುತ್ತಿತ್ತು. ಬೆಂಚಿನ ಮೇಲಿದ್ದ ಮೂವರ ತುಟಿಗಳೂ ಅದರ ಜೊತೆಗೆ ಆಡುತ್ತಿದ್ದವು. ಬಾಯಿ ಅವರದು, ದನಿ ಇವನದು. ಮೊದಲು ಹೆಮ್ಮೆಯಾಯಿತು. ಆಮೇಲೆ, ಕತ್ತಿ ಗಂಟಲ ಮೇಲೆ ಬಂದಾಗ, ಬಟ್ಟೆ ಕಿತ್ತು ಅರ್ಧ ಕ್ಷೌರಕ್ಕೇ ಎದ್ದ.

ಅವತ್ತೇ ಮಧ್ಯಾಹ್ನ ಅವನು ಯಮನೂರಪ್ಪನ ಮನೆಗೆಂದು ಹರಳಯ್ಯನ ಓಣಿಗೆ ನಡೆದ. ಸುಡುಬಿಸಿಲು. ಓಣಿಯಲ್ಲಿ ಐದಾರು ಹೆಣ್ಣುಮಕ್ಕಳು ಸುತ್ತು ನಿಂತು ಆಡುತ್ತಿದ್ದರು. ನಗುವಿಲ್ಲ, ಗದ್ದಲವಿಲ್ಲ. ನಡುವೆ ಒಬ್ಬಳು ಕುಕ್ಕರುಗಾಲಲ್ಲಿ ಕುಳಿತಿದ್ದಳು. ಸುತ್ತಲಿನವರು ಒಬ್ಬೊಬ್ಬರಾಗಿ ಬಗ್ಗಿ, ಅವಳ ಕಿವಿಯಲ್ಲಿ ಇವನ ದನಿಯಲ್ಲಿ ಹೇಳುತ್ತಿದ್ದರು: “ನಾ ಏನೂ ಹೇಳಂಗಿಲ್ಲ. ಬರೀ ಕೇಳತೇನಿ.”

“ಇದು ಏನ್ ಆಟ ಅವ್ವಾ?” ಎಂದ ಕಡೇಮನಿ.

“ಯಮನೂರಪ್ಪನ ಆಟ. ನಡುವ ಕುಂತಾಕಿ ಮಾತಾಡಿದ್ರ ಸೋತಂಗ.”

ದುರಗವ್ವ ಅವನನ್ನು ಕಂಡು ಬಯ್ಯಲಿಲ್ಲ. ಬಾಗಿಲು ಪೂರ್ತಿ ತೆರೆದಳು. ಒಳಗೆ ಯಮನೂರಪ್ಪ ಗೋಡೆಗೆ ಮುಖ ಮಾಡಿ ಕುಳಿತಿದ್ದ. ಅವನ ಎರಡೂ ಕೈ ಗಾಳಿಯಲ್ಲಿ ಇಲ್ಲದ ಚಾವಿಯನ್ನು ತಿರುಗಿಸುತ್ತಿದ್ದವು, ಬಲಕ್ಕೆ, ಎಡಕ್ಕೆ, ಮತ್ತೆ ಬಲಕ್ಕೆ. “ಎಂಟು ದಿನ ಆತ್ರಿ, ಮಾತ ಇಲ್ಲ” ಎಂದು ಅವಳು ಒಂದು ಪ್ಲಾಸ್ಟಿಕ್ ಚೀಲ ತಂದಿಟ್ಟಳು. ಹನ್ನೊಂದು ಅರ್ಜಿಗಳು. ಒಂದೊಂದರ ಮೇಲೂ ಪುರಸಭೆಯ ಮೊಹರು. “ಅವತ್ತ ಫೋನಿನ್ಯಾಗ ಇದನ್ನ ಓದಾಕ ಹಿಡಕೊಂಡು ಕುಂತಿದ್ದೆ.”

ಕಡೇಮನಿ ಅವಳನ್ನು ಕೇಳಿ ಆ ಚೀಲ ಎತ್ತಿಕೊಂಡ.

ಮರುದಿನ ಎಂಟಕ್ಕೆ ಅವನು ಮೈಕಿನ ಮುಂದೆ ಹನ್ನೊಂದೂ ಅರ್ಜಿಗಳನ್ನು ಓದಿದ. “ತಪ್ಪು ನಂದು. ಆ ಮನಷ್ಯಾನ ಕೈಯಾಗ ಏನೂ ಇಲ್ಲ” ಎಂದ. ಮೊದಲ ಫೋನ್ ಬಂತು. “ಕಡೇಮನಿಯವರ, ಇದನ್ನ ಹೇಳ್ರಿ ಅಂತ ನಿಮಗ ಯಾರು ಹೇಳಿಕೊಟ್ರು?” ಒಂದು ಉಸಿರಿನಷ್ಟು ಮೌನ. “ನಾ ಏನೂ ಹೇಳಂಗಿಲ್ಲ. ಬರೀ ಕೇಳತೇನಿ.” ಉತ್ತರ ಕೊಡಲು ಬಾಯಿ ತೆರೆದ. ಫೋನ್ ಕಡಿದಿತ್ತು. ಎರಡನೆಯದು ಬಂತು, ಮೂರನೆಯದು ಬಂತು. ಗಂಡಸರು, ಹೆಂಗಸರು, ಮುದುಕರು. ಎಲ್ಲರೂ ಅವನ ದನಿಯಲ್ಲೇ ಅವನನ್ನು ಕೇಳಿದರು. ಒಬ್ಬರೂ ಉತ್ತರಕ್ಕೆ ನಿಲ್ಲಲಿಲ್ಲ. ಒಂಬತ್ತು ಹೊಡೆಯುವಾಗ ಅವನ ಗಂಟಲಲ್ಲಿ ಗಾಳಿ ಬಿಟ್ಟರೆ ಬೇರೇನೂ ಉಳಿದಿರಲಿಲ್ಲ.

ರೇಡಿಯೋದವರು ಬೇರೊಬ್ಬನನ್ನು ಕೂರಿಸಿದರು. ಕೇಳುವವರಿಗೆ ವ್ಯತ್ಯಾಸವೇ ತಿಳಿಯಲಿಲ್ಲ! ಕಡೇಮನಿ ಆ ಅರ್ಜಿಗಳನ್ನು ಹಿಡಿದು ಮನೆಮನೆಗೆ ಹೋದ. ಕೆಲವರು ಓದಿದರು, ಕೆಲವರು ಬಾಗಿಲು ಹಾಕಿಕೊಂಡರು. ಮಳೆಗಾಲದ ಹೊತ್ತಿಗೆ ಪೈಪ್ ರಿಪೇರಿಯಾಯಿತು, ಹರಳಯ್ಯನ ಓಣಿಗೆ ನೀರು ಬಂತು. ಯಮನೂರಪ್ಪನಿಗೆ ಮಾತು ಬರಲಿಲ್ಲ. ಇವತ್ತಿಗೂ ಬಂದಿಲ್ಲ.

ಚಾಪೆ ಹಾಸಿ ಕಥೆ ಕೇಳಿದವರೇ, ಇನ್ನೂ ಏಳಬೇಡಿ. ವಕೀಲ ಕೆಟ್ಟವನು ಎಂದು ತಲೆಯಾಡಿಸಿ ಮನೆಗೆ ಹೋಗಬಹುದು ಎಂದುಕೊಂಡಿರಾ? ಅವನು ಒಬ್ಬ. ಆ ಬೀದಿಯಲ್ಲಿ ಸೈಕಲ್ ನಿಲ್ಲಿಸಿದವರು ಎಷ್ಟು ಜನ? ಅವರಿಗೆ ನಾನು ಹೆಸರಿಡಲಿಲ್ಲ, ನೋಡಿ. ಬೇಕೆಂದೇ ಇಡಲಿಲ್ಲ. ಹೆಸರುಗಳು ಈ ಚಾಪೆಯ ಮೇಲೆ ಕುಳಿತಿವೆ. ನೆರೆಮನೆಯ ಸೊಸೆಯ ಬಗ್ಗೆ, ಸೊಸೈಟಿಯ ಗುಮಾಸ್ತನ ಬಗ್ಗೆ, ಶಾಲೆಯ ಅಡುಗೆಯವಳ ಬಗ್ಗೆ ಈ ವಾರ ನೀವು ಯಾರನ್ನು ಏನು ಕೇಳಿದಿರಿ? ಕೇಳಬೇಕಾದವರನ್ನೇ ಕೇಳಿದಿರಾ?

ಪ್ರಶ್ನೆ ಬೇಡ ಎನ್ನುತ್ತಿಲ್ಲ. ಪ್ರಶ್ನೆಯನ್ನು ಅದರ ಬಾಗಿಲಿಗೇ ಒಯ್ಯಿರಿ. ಹಗಲಲ್ಲಿ ಹೋಗಿ, ಚಪ್ಪಲಿ ಹೊರಗೆ ಬಿಟ್ಟು, ಒಳಗೆ ಕುಳಿತು ಕೇಳಿ. ಅವರು ತಡವರಿಸಿದರೆ ಕಾಯಿರಿ, ಅತ್ತರೆ ಕಾಯಿರಿ, ಕೊನೆಯ ಮಾತು ಮುಗಿಯುವವರೆಗೂ ಏಳಬೇಡಿ. ಅಷ್ಟು ಧೈರ್ಯವಿಲ್ಲದಿದ್ದರೆ ಆ ಪ್ರಶ್ನೆ ನಿಮ್ಮದಲ್ಲ, ಇನ್ನಾರ ಕಿವಿಗೂ ಅದನ್ನು ದಾಟಿಸಬೇಡಿ. ನಾಳೆಯಿಂದಲ್ಲ. ಈಗ ಎದ್ದು ಮನೆಗೆ ಹೋಗುವ ದಾರಿಯಲ್ಲಿ ಅಂಥ ಒಂದು ಬಾಗಿಲಿದೆ, ನಿಮಗೆ ಗೊತ್ತು. ಅಲ್ಲಿ ನಿಲ್ಲಿ.