ಹೂಂ ಅನ್ನದ ಅಕ್ಕ

ಇದು ನನ್ನ ಚಿಕ್ಕಪ್ಪನ ಮಗಳಿಗೆ ಆದದ್ದು. ಕಟ್ಟುಕತೆಯಲ್ಲ.

ರಾತ್ರಿ ಒಂಬತ್ತೂವರೆ. ಕ್ಲಿನಿಕ್ಕಿನ ಕೊನೆಯ ರೋಗಿ ಅವಳೇ. ಡಾಕ್ಟರಮ್ಮ ಬೀಗ ಹಾಕಿ, "ನಡಿ, ನೀನು ಬರೆದ ಆ ಬಾವಿ ನಾನೂ ನೋಡ್ತೀನಿ" ಅಂತ ಜೊತೆಗೇ ಹೊರಟರು.

ಇಪ್ಪತ್ತು ದಿನದಿಂದ ಈ ನನ್ನ ತಂಗಿಗೆ ದನಿಯಿರಲಿಲ್ಲ. "ಗಂಟಲಿಗೇನೂ ಆಗಿಲ್ಲ ಕಣಮ್ಮ. ಮಾತು ಎಲ್ಲೋ ಸಿಕ್ಕಿಕೊಂಡಿದೆ. ಬರೆದು ತೋರಿಸು" ಎಂದಿದ್ದರು ಡಾಕ್ಟರಮ್ಮ.

ಬರೆದಳು. ಅವಳು ಕೆಲಸ ಮಾಡುವ ಅಚ್ಚುಕೂಟದಲ್ಲಿ ಕಾಗದ ಕತ್ತರಿಸುವ ಯಂತ್ರಕ್ಕೆ ಇಬ್ಬರು ಬೇಕು. ಒಬ್ಬರು ಕಾಗದ ಒಳಗಿಟ್ಟು, ಕೈ ತೆಗೆದು, "ಹೂಂ" ಅನ್ನಬೇಕು. ಆಮೇಲೇ ಇನ್ನೊಬ್ಬರು ಅಲಗು ಇಳಿಸುವ ಹಿಡಿ ಎಳೆಯುವುದು. ಆವತ್ತು ಕಾಗದ ಇಡುತ್ತಿದ್ದವಳು ಜೊತೆ ಕೆಲಸದ ಹೆಂಗಸು, ತಂಗಿ ಅಕ್ಕ ಅಂತಲೇ ಕರೆಯುತ್ತಿದ್ದಳು; ಆ ಅಕ್ಕ ಹೂಂ ಅಂದಿರಲಿಲ್ಲ. ಮೇಸ್ತ್ರಿಗೆ ಅವಸರ, ಎಳೆದುಬಿಟ್ಟ. ಕೈ ತುಂಡಾಗಿ, ರಕ್ತ ನಿಲ್ಲದೆ ಅಕ್ಕ ಸತ್ತಳು. "ಅವಳೇ ಹೂಂ ಅಂದಳು" ಅಂತ ಮೇಸ್ತ್ರಿ ಬರೆಸಿದ. ಪಕ್ಕದಲ್ಲಿದ್ದ ನನ್ನ ತಂಗಿ ಕೆಲಸ ಹೋದೀತು ಅಂತ ಹೆದರಿ ಸಾಕ್ಷಿ ಸಹಿ ಹಾಕಿದಳು. ಆ ಸಂಜೆಯೇ ದನಿ ಹೋಯಿತು. ರಾತ್ರಿ ಮನೆ ದಾರಿಯ ಬಾವಿಯಲ್ಲಿ ಸದ್ದು ಶುರುವಾಯಿತು. ಬೆಳಗಾದರೆ ಅಕ್ಕನ ಸಾವಿನ ವಿಚಾರಣೆ.

ಬಾವಿ ಹತ್ತಿರ ಬಂತು...

ಸರ್... ಸರ್... ಕಾಗದ ಜೋಡಿಸುವ ಸದ್ದು. ಆಮೇಲೆ, ಧಡ್!

ಡಾಕ್ಟರಮ್ಮನ ಕೈಚೀಲ ಕೆಳಗೆ ಬಿತ್ತು.

"ನನಗೂ ಕೇಳಿಸ್ತಮ್ಮ" ಅಂತ ಪಿಸುಗುಟ್ಟಿದರು. "ನಡುವೆ ಹೂಂ ಬರಲೇ ಇಲ್ಲ."

ಸರ್... ಸರ್... ಧಡ್!

"ಓಡಬೇಡ. ಹೆದರಿ ಸಹಿ ಹಾಕಿದ್ದು ಸಾಕು. ಅವಳಿಗೇ ಹೇಳು."

ತಂಗಿ ಬಾವಿಕಟ್ಟೆ ಹಿಡಿದಳು. ಕತ್ತಿನ ನರ ಉಬ್ಬಿತು. ಮೊದಲು ಬರೀ ಗಾಳಿ... ಆಮೇಲೆ ತಗಡು ಹರಿದ ಹಾಗೆ,

"ನೀನು ಹೂಂ ಅನ್ನಲಿಲ್ಲ ಅಕ್ಕಾ! ಮೇಸ್ತ್ರಿ ಎದುರಿಗೇ ಹೇಳ್ತೀನಿ. ಕೆಲಸ ಹೋದರೆ ಹೋಗಲಿ, ನಾಲಿಗೆ ಮಾರಲ್ಲ!"

ಸದ್ದು ನಿಂತಿತು.

ಮರುದಿನ ವಿಚಾರಣೆಯಲ್ಲಿ ಮೇಸ್ತ್ರಿ ಹಲ್ಲು ಕಿರಿದ. "ಏನೇ, ಮೂಗಿಗೆ ಮಾತು ಬಂತಾ?"

"ಬಂತು ಮೇಸ್ತ್ರಿ. ಕೂತು ಕೇಳಿ."

ನಿಂತೇ ಎಲ್ಲವನ್ನೂ ಹೇಳಿದಳು. ಅವನ ಕೆಲಸ ಹೋಯಿತು. ಇವಳದೂ ಹೋಯಿತು. ಅಳಲಿಲ್ಲ.

ಇನ್ನೊಂದು ಮಾತು. ವಿಚಾರಣೆಗೆ ಹೊರಡುವ ಮುಂಚೆ ಅವಳ ತಲೆ ಬಾಚಿದವಳು ನಾನು. ಇಪ್ಪತ್ತು ದಿನದಿಂದ ಅವಳು ಅಚ್ಚುಕೂಟದ ಮೆಟ್ಟಿಲು ಹತ್ತಿಲ್ಲ. ಆದರೂ ಬಾಚಣಿಗೆ ಎಳೆದಷ್ಟೂ ಕೂದಲಿಂದ ಕಾಗದದ ಎಳೆಗಳು ಉದುರಿದವು... ಸಣ್ಣವು, ಬಿಳಿಯವು, ಒಂದು ಮೊರದಷ್ಟು. ದೆವ್ವ ಅನ್ನಿ, ಮನಸ್ಸು ಅನ್ನಿ, ನಿಮ್ಮಿಷ್ಟ. ಗುಡಿಸಿದವಳು ನಾನು.