ಏಳನೇ ಟೇಕ್

ಇದು ನಮ್ಮ ಚಿಕ್ಕಮ್ಮನ ಮಗನಿಗೆ ಆಗಿದ್ದು. ಸಿನಿಮಾ ಎಡಿಟರ್ ಅವನು. ಇಪ್ಪತ್ತು ವರ್ಷ ಕತ್ತಲೆ ಕೋಣೆಯಲ್ಲಿ ಕೂತು ಬೇರೆಯವರ ಅಳು ನಗು ಕತ್ತರಿಸಿ ಜೋಡಿಸಿದವನು. ಅಂಜುಬುರುಕ ಅಲ್ಲ.

ಆ ರಾತ್ರಿ ಕೆಲಸ ಮುಗಿದಾಗ ಒಂದೂವರೆ. ಬೀದಿಯಲ್ಲಿ ನರಪಿಳ್ಳೆ ಇಲ್ಲ. ಜಾಲರಿ ಮುಚ್ಚಿದ ಹಳೇ ಬಾವಿ ದಾಟುವಾಗ ಕೇಳಿಸಿತು... ಕಿರ್ರ್... ಕಿರ್ರ್. ಭಾರಕ್ಕೆ ಬಾಗುವ ಕಬ್ಬಿಣದ ಪೈಪಿನ ಸದ್ದು. ಸಂಜೆಯೆಲ್ಲ ಹೆಡ್‌ಫೋನಿನಲ್ಲಿ ಕೇಳಿದ್ದು ಅದನ್ನೇ. ಕಿವಿ ಮುಟ್ಟಿ ನೋಡಿಕೊಂಡ. ಹೆಡ್‌ಫೋನ್ ಇರಲಿಲ್ಲ.

ಆ ಸದ್ದು ಎಲ್ಲಿಯದು ಅಂತ ಹೇಳಿಬಿಡ್ತೀನಿ. ಆ ಚಿತ್ರಕ್ಕೆ ಕ್ಯಾಮೆರಾ ಹಿಡಿದಿದ್ದು ಅವನ ಭಾವ, ಅಕ್ಕನ ಗಂಡ. ಇವನನ್ನು ಈ ಕೆಲಸಕ್ಕೆ ಕೈಹಿಡಿದು ತಂದವರು. ಕೊನೇ ದಿನ ನಾಲ್ಕಾಳೆತ್ತರದ ಪೈಪಿನ ಅಟ್ಟಣಿಗೆ ಹತ್ತಿ, ಖಾಲಿ ಬೀದಿಯೊಂದನ್ನು ತೆಗೆಯುತ್ತಿದ್ದರು. ಏಳನೇ ಟೇಕ್ ಆದಮೇಲೆ ಜಾರಿ ಬಿದ್ದು ತೀರಿಹೋದರು. ಬಿದ್ದದ್ದನ್ನು ಯಾರೂ ನೋಡಲಿಲ್ಲ. ತಿಂಗಳು ತುಂಬುವುದರೊಳಗೆ ನಿರ್ಮಾಪಕರು ಅವಸರ ಹಚ್ಚಿದರು. ಭಾವನ ಕೊನೇ ಕೆಲಸವನ್ನು ಬೇರೆಯವರ ಕೈಗೆ ಕೊಡೋಕೆ ಇವನಿಗೆ ಮನಸ್ಸು ಬರಲಿಲ್ಲ.

ಆ ಸಂಜೆ ಏಳನೇ ಟೇಕ್ ನಲವತ್ತು ಸೆಕೆಂಡು ಇತ್ತು. ಮಾರನೇ ದಿನ ತೆರೆದರೆ ನಲವತ್ತಾರು. ತಾನೇ ತಪ್ಪಾಗಿ ಬರೆದುಕೊಂಡೆ ಅಂದುಕೊಂಡ. ಅದರ ಮಾರನೇ ದಿನ ಐವತ್ತೈದು. ಹೆಚ್ಚಾದ ಭಾಗದಲ್ಲಿ ಬೀದಿ ಒಂದು ಮಗ್ಗುಲಿಗೆ ವಾಲುತ್ತಿತ್ತು... ಕಿರ್ರ್... ಆಮೇಲೆ ಏದುಸಿರು. ಕತ್ತರಿಸಿ ಎಸೆದ. ಬೆಳಗ್ಗೆ ನೋಡಿದರೆ ಮತ್ತೆ ಅಲ್ಲೇ ಇತ್ತು. ಇನ್ನಷ್ಟು ಉದ್ದವಾಗಿ.

ಐದನೇ ದಿನ ಪಿಸುದನಿ ಬಂತು.

"ಪುಟ್ಟೂ... ಹಿಡ್ಕೋ."

ಅವನನ್ನು ಮನೆಯವರು ಕರೆಯೋ ಹೆಸರು. ಕೈ ತಂತಾನೇ ಮುಂದೆ ಹೋಗಿ ಪರದೆಗೆ ಬಡಿಯಿತು. ತಣ್ಣನೆ ಗಾಜು. ನಿಲ್ಲಿಸೋ ಗುಂಡಿ ಒತ್ತಿದ. ನಿಲ್ಲಲಿಲ್ಲ. ಜಗತ್ತಿನ ಯಾವ ದೃಶ್ಯವನ್ನಾದರೂ ಹಿಂದಕ್ಕೆ ಓಡಿಸಬಲ್ಲ ಆಸಾಮಿ... ಸುಮ್ಮನೆ ನೋಡುತ್ತಾ ಕೂತ.

ಆ ಮಧ್ಯಾಹ್ನವೇ ಅಕ್ಕ ಬಂದಳು. ಗಂಡ ಕಡೆಯದಾಗಿ ಕಂಡದ್ದನ್ನು ತಾನೂ ಕಾಣಬೇಕಂತೆ. ಬೇಡ ಅಂತ ಕೈಮುಗಿದರೂ ಬಿಡದೆ ಹೆಡ್‌ಫೋನ್ ಹಾಕಿಕೊಂಡು ಕೂತಳು. ಇವನು ಗೋಡೆಗೆ ಮುಖ ಮಾಡಿ ನಿಂತ. ಅಕ್ಕ ಅಳಲಿಲ್ಲ. ಬಹಳ ಹೊತ್ತಾದ ಮೇಲೆ ಮೆಲ್ಲಗೆ ಅಂದಳು:

"ಆಗ್ಲಿಂದ ನಿನ್ನೇ ಕರೀತಿದಾರಲ್ಲೋ... ಯಾಕೆ ಓಗೊಡಲ್ಲ?"

ಇವನು ಗೋಡೆ ಬಿಟ್ಟು ತಿರುಗಿದ. ಅಕ್ಕನೇ ಪರದೆಯತ್ತ ಬಾಗಿ ಏನೋ ಹೇಳೋಕೆ ಹೋದಳು... ಅಷ್ಟರಲ್ಲಿ ದೊಪ್ ಅಂತ ಒಂದೇ ಸದ್ದು. ದೂರ ನಿಂತ ಇವನಿಗೂ ಕೇಳಿಸಿತು. ಪರದೆ ಕಪ್ಪಾಯಿತು.

ಅಕ್ಕ ಎದ್ದು ಹೋದಳು. ಇವತ್ತಿನವರೆಗೂ ಅವನ ಜೊತೆ ಮಾತಾಡಿಲ್ಲ. ಅವನೂ ಆ ಕೋಣೆಗೆ ಮತ್ತೆ ಕಾಲಿಟ್ಟಿಲ್ಲ.

ಕಟ್ಟುಕತೆ ಅನ್ನೋರು ಅನ್ನಲಿ. ಆ ಚಿತ್ರಕ್ಕೆ ಸೌಂಡ್ ತೆಗೆದವರನ್ನು ನಾನೇ ಹುಡುಕಿಕೊಂಡು ಹೋಗಿ ಕೇಳಿದೀನಿ. ಬೀದಿಯ ಸದ್ದು ಆಮೇಲೆ ಸೇರಿಸೋಣ ಅಂತ, ಆವತ್ತು ಅಟ್ಟಣಿಗೆ ಮೇಲೆ ಮೈಕೇ ಇಟ್ಟಿರಲಿಲ್ಲವಂತೆ. ಕ್ಯಾಮೆರಾದೊಳಗಿನ ಮೈಕನ್ನೂ ಆಫ್ ಮಾಡಿದ್ದರಂತೆ.